ಹರಿಗೋಲು ಗೊಲ್ಲಾಳಮ್ಮನ ಫೋಟೋ

ಶಹಾಪುರದ ಕಾಲೇಜಿನಲ್ಲಿ ಇತಿಹಾಸ ಕಲಿಸುವ ಶಿವರಂಜನಿಗೆ ಗೊಲ್ಲಾಳಮ್ಮ ಸಿಕ್ಕು ಹನ್ನೊಂದು ವರ್ಷವಾಗಿತ್ತು. ಸಿಕ್ಕಿದ್ದಾದರೂ ಎಷ್ಟು? ಹಳೆಯ ಫಾರ್ಸಿ ಕಾಗದವೊಂದರಲ್ಲಿ ಆರು ಸಾಲು. 1858ರಲ್ಲಿ, ಬ್ರಿಟಿಷರ ದಂಡು ಸುರಪುರಕ್ಕೆ ನುಗ್ಗಿದ ವರ್ಷ, ಓಡಿಬಂದವರನ್ನು ಹರಿಗೋಲಿನಲ್ಲಿ ಕೂರಿಸಿ ಗಡಿಯ ಹೊಳೆ ದಾಟಿಸಿದವಳು. ಹಿಡಿದವರು ಗುರುತಿಗೆಂದು ಬರೆದುಕೊಂಡಿದ್ದರು: ವಯಸ್ಸು ನಲವತ್ತು, ಮುಖದ ತುಂಬ ಸಿಡುಬಿನ ಕಲೆ, ಎಡಗಣ್ಣಿಲ್ಲ. ಇದನ್ನು ಓದಿ ಹೇಳಿದವರು ನಿವೃತ್ತ ಮಾಸ್ತರ ಇನಾಯತ ಸಾಹೇಬರು.

ಕೊನೆಗೆ ಹೊಳೆಸಾಲಿನ ಊರೊಂದು ತನ್ನ ಹೊಸ ಗ್ರಂಥಾಲಯಕ್ಕೆ ಗೊಲ್ಲಾಳಮ್ಮನ ಹೆಸರಿಡಲು ಒಪ್ಪಿತು. ಉದ್ಘಾಟನೆಯ ದಿನ ಶಿವರಂಜನಿಯೂ ಸಾಹೇಬರೂ ಬಸ್ಸಿಳಿದು ಒಳಗೆ ಬಂದರೆ, ಗೋಡೆಯ ಮೇಲೆ ಕಟ್ಟು ಹಾಕಿದ ದೊಡ್ಡ ಫೋಟೋ. ದುಂಡು ಮುಖ, ನೈಲಾನ್ ಸೀರೆ.

"ಇವರು ಯಾರ್ರಿ?" ಎಂದಳು ಶಿವರಂಜನಿ.

"ಗೊಲ್ಲಾಳಮ್ಮಾರು," ಎಂದ ಸಮಿತಿಯ ಅಧ್ಯಕ್ಷ ಪರಮಣ್ಣ.

"ಕೈಯಾಗ ಗಡಿಯಾರ ಐತಲ್ರಿ."

"ಉದ್ದನ್ನ ಹಾರ ತರಿಸೀನ್ರಿ ಮೇಡಂ. ಮುಚ್ಚತೈತಿ."

"ಖರೇ ಹೇಳ್ರಿ ಪರಮಣ್ಣಾರ."

"ನಮ್ಮವ್ವರಿ, ಸೂಗಮ್ಮ. ಹೋದ ವರ್ಷ ತೀರಿಕೊಂಡ್ಳು. ಪುಷ್ಪನಮನ ಅಂದಮ್ಯಾಲ ಒಂದು ಮುಖ ಬೇಕಲ್ಲ? ನಿಮ್ಮ ಆರು ಸಾಲಿಗೆ ಹೂ ಏರಿಸಲಿಕ್ಕೆ ಬರತೈತೇನು?"

"ಆಕಿಗೆ ಒಂದು ಕಣ್ಣಿರಲಿಲ್ರಿ."

"ಛೀ ಛೀ, ಶುಭಕಾರ್ಯದಾಗ ಇದೇನು ಮಾತು! ಒಕ್ಕಣ್ಣಾಕಿನ್ನ ಯಾರು ಗ್ವಾಡಿಗೆ ಹಾಕ್ಕೊಂತಾರ? ಹುಡುಗರು ಅಂಜತಾವ."

ಇನಾಯತ ಸಾಹೇಬರು ಪಕ್ಕಕ್ಕೆ ಕರೆದರು. "ಹೆಸರು ಬಂತಲ್ಲಮ್ಮ. ಸುಮ್ಕಿದ್ದುಬಿಡು."

ಸುಮ್ಮನಿರಬೇಕೆಂದೇ ಇದ್ದಳು. ಅಷ್ಟರಲ್ಲಿ ಯಾರೋ ಸ್ಮರಣ ಪುಸ್ತಿಕೆ ಕೈಗಿಟ್ಟರು. ಮುಖಪುಟದಲ್ಲಿ ಅದೇ ಫೋಟೋ. ಕೆಳಗೆ ಸಣ್ಣಕ್ಷರದಲ್ಲಿ: 'ಚಿತ್ರ ಕೃಪೆ: ಶಿವರಂಜನಿ ಅವರ ಸಂಗ್ರಹ.' ನಾಳೆ ಇನ್ನೊಬ್ಬ ಸಂಶೋಧಕ ಇದನ್ನೇ ಆಧಾರವೆಂದು ತೋರಿಸುತ್ತಾನೆ, ಅಡಿಟಿಪ್ಪಣಿಯ ಸಮೇತ.

ವೇದಿಕೆ ಹತ್ತಿ ಆರೂ ಸಾಲು ಓದಿದಳು. "ಈ ಫೋಟೋ ಆಕಿದಲ್ಲ. ಇದನ್ನ ಇಳಿಸ್ರಿ, ಇಲ್ಲಾಂದ್ರ ಆಕಿ ಹೆಸರು ತಗೀರಿ."

ಮುಂದೆ ಕೂತಿದ್ದ ಮುದುಕಿಯೊಬ್ಬಳು ಕಣ್ಣು ಕಿರಿದು ಮಾಡಿದಳು. "ಅಯ್ಯ ನಮ್ಮವ್ವ, ಇದು ಸೂಗಮ್ಮನ ಫೋಟೋ ಅಲ್ಲೇನ! ಈಕಿ ಯಾವಾಗ ಹರಿಗೋಲು ಹಾಕಿದ್ಳು? ನೀರು ಕಂಡ್ರ ಅಂಜತಿದ್ಳು!"

ಸಭೆ ಗೊಳ್ಳೆಂದಿತು. ಪರಮಣ್ಣ ಸಿಟ್ಟಾಗಲಿಲ್ಲ. ಸಿಟ್ಟಾಗಿ ಕೆಲಸ ಕೆಡಿಸಿಕೊಳ್ಳುವ ಪೈಕಿಯವನಲ್ಲ ಅವನು. ಮೈಕು ಹಿಡಿದು ಹೇಳಿದ: "ಮೇಡಂ ಹೇಳಿದ್ದು ಕರೆಕ್ಟ್ ಐತಿ. ಇತಿಹಾಸದಾಗ ಸುಳ್ಳು ಇರಬಾರದು. ಈಗಿಂದೀಗ ಸರಿ ಮಾಡತೀವಿ." ಚಪ್ಪಾಳೆ ಬಿತ್ತು. ಶಿವರಂಜನಿಗೆ ಒಂದು ಶಾಲು ಬಿತ್ತು.

ಸರಿ ಮಾಡಿದ್ದು ಊಟದ ಹೊತ್ತಿಗೆ ಕಂಡಿತು. ಪೇಂಟರು ಸ್ಟೂಲಿನ ಮೇಲೆ ನಿಂತು, ಸೀಮೆಎಣ್ಣೆಯಲ್ಲಿ ಅದ್ದಿದ ಬಟ್ಟೆಯಿಂದ ಬಾಗಿಲ ಮೇಲಿನ ಫಲಕ ಒರೆಸುತ್ತಿದ್ದ. 'ಹರಿಗೋಲು' ಮೊದಲು ಹೋಯಿತು, ಆಮೇಲೆ 'ಗೊಲ್ಲಾಳಮ್ಮ'. ಅದೇ ಜಾಗದಲ್ಲಿ 'ಮಾತೋಶ್ರೀ ಸೂಗಮ್ಮ' ಏಳತೊಡಗಿತು. ಒಳಗೆ ಫೋಟೋ ಇದ್ದಲ್ಲೇ ಇತ್ತು. ಹಾರ ಮಾತ್ರ ಮೇಲೆ ಸರಿದಿತ್ತು. ಇನ್ನು ಗಡಿಯಾರ ಮುಚ್ಚುವ ಕಾರಣವಿರಲಿಲ್ಲ. ಎಲೆಯ ಮೇಲಿನ ಹುಗ್ಗಿಯೂ ಸೀಮೆಎಣ್ಣೆ ನಾರಿತು.

"ಎರಡರಾಗ ಒಂದು ಅಂದ್ರಿ, ಒಂದು ಮಾಡೀವಿ," ಎಂದು ಪರಮಣ್ಣ ತುಪ್ಪ ಹಿಡಿದು ಬಂದ. "ನಮ್ಮವ್ವನ ಮ್ಯಾಲೂ ನಾಕು ಪುಟ ಬರದುಕೊಡ್ರಿ. ನಿಮ್ಮ ಕೈ ಛಲೋ ಐತಿ."

"ಬರೀತೀನ್ರಿ. ಎರಡೂ ಕಣ್ಣಿದ್ದವು, ಕೈಯಾಗ ಗಡಿಯಾರ ಇತ್ತು. ಮುಂದೇನು ಬರೀಲಿ?"

ಪರಮಣ್ಣ ನಿಜವಾಗಿಯೂ ಯೋಚಿಸಿದ. "ಟೈಮಿಗೆ ಸರಿಯಾಗಿ ಊಟ ಮಾಡತಿದ್ಳು ಅಂತ ಬರೀರಿ."

ಶಿವರಂಜನಿ ಎಲೆ ಮಡಚಿ ಎದ್ದಳು. ಶಾಲನ್ನು ಕುರ್ಚಿಯ ಮೇಲೆ ಬಿಟ್ಟು, ಮೂಲೆಯಲ್ಲಿದ್ದ ಪುಸ್ತಿಕೆಗಳ ಕಟ್ಟಿನ ಹತ್ತಿರ ಹೋಗಿ ಕೂತಳು. ಐದು ನೂರು ಪ್ರತಿ. ಪೆನ್ನು ತೆಗೆದು ಮೊದಲನೆಯದರಲ್ಲಿ ಫೋಟೋದ ಕೆಳಗಿದ್ದ ತನ್ನ ಹೆಸರು ಹೊಡೆದುಹಾಕಿದಳು, ಆಮೇಲೆ ಎರಡನೆಯದರಲ್ಲಿ. ಇನಾಯತ ಸಾಹೇಬರು ಕೈ ತೊಳೆದು ಬಂದು, ಅರ್ಧ ಕಟ್ಟು ತಮ್ಮ ಕಡೆ ಎಳೆದುಕೊಂಡರು.