ಗಿಡ್ಡ ಕೂದಲು ಕಸವಲ್ಲ

ನಮ್ಮ ಬೀದಿಯಲ್ಲಿ "ಜಡೆ ಮನೆ ಯಾವುದು?" ಎಂದು ಕೇಳಿದರೆ ಪುಟ್ಟ ಮಕ್ಕಳೂ ಬೆರಳು ತೋರಿಸುತ್ತಿದ್ದವು. ಅದು ನನ್ನ ಪಕ್ಕದ ಮನೆ. ಆ ಮನೆಯ ಸೊಸೆಗೆ ಹೆತ್ತವರು ಇಟ್ಟ ಹೆಸರು ಬೇರೆ ಏನೋ ಇದೆ. ಆದರೆ ಅವಳು ಮದುವೆಯಾಗಿ ಬಂದಾಗ ಬೆನ್ನ ಮೇಲೆ ಬಿದ್ದಿದ್ದ ಜಡೆಯನ್ನು ನೋಡಿದವರು ಹೆಸರು ಕೇಳುವ ಗೋಜಿಗೇ ಹೋಗಲಿಲ್ಲ. ಜಡೆ ಎಂದರು, ಅದೇ ಉಳಿದುಕೊಂಡಿತು.

ನಾವಿಬ್ಬರೂ ಕೆಲಸ ಮಾಡುವುದು ಜಡೆಗೆ ಸೇರಿಸುವ ಚೌರಿ ಕಟ್ಟುವ ಶೆಡ್ಡಿನಲ್ಲಿ. ಬಾಚಣಿಗೆಗೆ ಬಂದ ಕೂದಲಿನ ಉಂಡೆಗಳು ಮೂಟೆಗಟ್ಟಲೆ ಬರುತ್ತವೆ. ಅವನ್ನು ಬಿಡಿಸಿ, ತೊಳೆದು, ಒಣಗಿಸಿ, ಮೊಳೆ ಹೊಡೆದ ಹಲಗೆಯ ಮೇಲೆ ಎಳೆದು ಬಾಚಿ, ಬುಡ ಒಂದು ಕಡೆ ತುದಿ ಒಂದು ಕಡೆ ಮಾಡಿ, ಉದ್ದ ನೋಡಿ ಕಟ್ಟಬೇಕು. ಗೇಣಿಗಿಂತ ಗಿಡ್ಡದ್ದು ಕಸ, ಅದು ಬುಟ್ಟಿಗೆ. ಕೂದಲಿನ ಒಂದು ಎಳೆಯನ್ನು ಎರಡು ಬೆರಳಿನ ನಡುವೆ ಹೊಸೆದರೆ ಸಾಕು, ಬುಡ ಯಾವುದು ತುದಿ ಯಾವುದು, ದಪ್ಪವೋ ತೆಳುವೋ ಎಂದು ಕಣ್ಣು ಮುಚ್ಚಿಯೇ ಹೇಳುತ್ತೇವೆ. ಜಡೆಗೆ ಈ ಕೆಲಸ ಕಲಿಸಿದ್ದು ಅವಳ ಅತ್ತೆ. ಕಣ್ಣು ಮಂಜಾದ ಮೇಲೆ ಅತ್ತೆ ಶೆಡ್ಡಿಗೆ ಬರುವುದು ಬಿಟ್ಟರು. ಬೆರಳುಗಳು ಮಾತ್ರ ಇನ್ನೂ ಚುರುಕು.

ಅತ್ತೆಗೆ ಹೆಣ್ಣುಮಕ್ಕಳಿಲ್ಲ. ಬೆಳಿಗ್ಗೆಯಾದರೆ ಅವರು ಬಾಗಿಲ ಮೆಟ್ಟಿಲ ಮೇಲೆ ಕೂರುತ್ತಿದ್ದರು, ಸೊಸೆ ಅದರ ಕೆಳಗಿನ ಮೆಟ್ಟಿಲ ಮೇಲೆ. ಬಾಚುತ್ತಾ ಬೀದಿಯ ಸುದ್ದಿ, ಮನೆಯ ಸುದ್ದಿ, ನನ್ನ ಮೇಲಿನ ಚಾಡಿ, ಎಲ್ಲ ಆಗುತ್ತಿತ್ತು. "ಲೋಕದಲ್ಲಿ ಅತ್ತೆ ಸೊಸೆ ಜುಟ್ಟು ಹಿಡಿದು ಕಿತ್ತಾಡಿದ್ರೆ, ಇವರು ಜುಟ್ಟು ಹಿಡಿದು ಮುದ್ದಾಡ್ತಾರೆ" ಎಂದು ನಾನು ಕಿಚಾಯಿಸುತ್ತಿದ್ದೆ.

ಒಂದು ದಿನ ಅದು ನಿಂತುಹೋಯಿತು.

ಜಡೆ ಬೇಗ ಎದ್ದು, ತಾನೇ ತಲೆ ಕಟ್ಟಿಕೊಂಡು, ಮೇಲೊಂದು ವಸ್ತ್ರ ಸುತ್ತಿಕೊಂಡು ಹೊರಡತೊಡಗಿದಳು. ಕೇಳಿದರೆ "ಶೆಡ್ಡಲ್ಲಿ ಧೂಳು, ಅತ್ತೆ" ಎನ್ನುವಳು. ಅತ್ತೆ ಮೆಟ್ಟಿಲ ಮೇಲೆ ಬಾಚಣಿಗೆ ಹಿಡಿದು ಕೂತೇ ಇರುತ್ತಿದ್ದರು. ಕೆಲವು ತಿಂಗಳು ಹೀಗೇ ಕಳೆಯಿತು. ಕೊನೆಗೆ ಅವರು ನನ್ನನ್ನು ಕರೆದು ಕೇಳಿದರು.

"ಅಲ್ಲ ಕಣೇ, ನಾನೇನಾದ್ರೂ ಅಂದ್ನಾ ಅವಳಿಗೆ? ನನಗಂತೂ ನೆನಪಿಲ್ಲ. ತಲೆ ಮುಟ್ಟೋಕೇ ಬಿಡ್ತಿಲ್ಲ. ಬೆಳಿಗ್ಗೆ ಆದ್ರೆ ಕೈ ಖಾಲಿ ಖಾಲಿ ಅನ್ಸುತ್ತೆ."

ಮುದುಕಿಯ ಕಣ್ಣಲ್ಲಿ ನೀರಿತ್ತು. ನನಗೆ ಸಂಕಟವಾಯಿತು.

ಮಾರನೆಯ ದಿನ ಊಟದ ಹೊತ್ತಿಗೆ ಜಡೆಯನ್ನು ಹುಡುಕಿಕೊಂಡು ಮೂಟೆಗಳ ಹಿಂದೆ ಹೋದೆ. ಅವಳು ವಸ್ತ್ರ ಬಿಚ್ಚಿ ಕೂತಿದ್ದಳು. ಬೈತಲೆ ಎರಡು ಬೆರಳಷ್ಟು ಅಗಲವಾಗಿತ್ತು, ನಡುನೆತ್ತಿಯಲ್ಲಿ ಚರ್ಮ ಕಾಣುತ್ತಿತ್ತು. ಮಡಿಲಲ್ಲಿ ಒಂದು ಬಟ್ಟೆಚೀಲ. ಅದರಿಂದ ಕೂದಲು ತೆಗೆದು ಚೌರಿ ಕಟ್ಟುತ್ತಿದ್ದಳು.

"ಯಾರದೇ ಇದು?"

"ನಂದೇ. ಮದುವೆ ಆದಾಗಿನಿಂದ ಬಾಚಣಿಗೆಗೆ ಬಂದದ್ದೆಲ್ಲ ಸುಮ್ನೆ ಎತ್ತಿಟ್ಟಿದ್ದೆ. ಇದನ್ನ ಕಟ್ಟಿ ಸೇರಿಸ್ಕೊಂಡ್ರೆ ಮತ್ತೆ ಅತ್ತೆ ಮುಂದೆ ಕೂರಬಹುದು ಅಂತ." ಅವಳು ಒಂದು ಎಳೆಯನ್ನು ಬೆರಳಿಗೆ ಸುತ್ತಿಕೊಂಡಳು. "ನೀನು ನಕ್ಕರೂ ಸರಿ ಕಣೇ. ನನಗೆ ಕೂದಲಿಗಿಂತ ಆ ಮೆಟ್ಟಿಲೇ ಬೇಕು. ಅವರ ಕೈ ತಲೆ ಮೇಲೆ ಬಿದ್ದು ಎಷ್ಟು ದಿನ ಆಯ್ತು ಗೊತ್ತಾ?"

"ಹೇಳ್ಕೋಬಾರದಾ ಅವರ ಹತ್ರ?"

"ಹೇಗೆ ಹೇಳ್ಲಿ? ಹೆಣ್ಣು ನೋಡೋಕೆ ಬಂದ ದಿನ ಅವರು ಮೆಚ್ಚಿದ್ದೇ ಜಡೇನ. ಅದೇ ಇಲ್ಲ ಅಂದ್ರೆ ನಾನ್ಯಾರು ಅವರಿಗೆ?"

ನಾನು ನಗಲಿಲ್ಲ. ಆದರೆ ದೀಪದ ಬುಡದಲ್ಲೇ ಕತ್ತಲೆ ಎನ್ನುವುದು ಸುಳ್ಳಲ್ಲ ನೋಡಿ. ಶೆಡ್ಡಿನ ತುಂಬ ಕೂದಲು ಬಲ್ಲವರು. ವಿಷಯ ಗೊತ್ತಾದ ಕೂಡಲೇ ಎಲ್ಲರೂ ಸೇರಿ ಅವಳ ಚೀಲಕ್ಕೆ ಕೈಹಾಕಿದೆವು. ಎಳೆಗಳನ್ನು ಎಳೆದೆವು, ಬೆಳಕಿಗೆ ಹಿಡಿದೆವು, ಮೂಸಿದ್ದೂ ಆಯಿತು. "ಒಳ್ಳೆ ಮಾಲು, ಬುಡ ಚೆನ್ನಾಗಿದೆ, ಎಣ್ಣೆ ಬದಲಾಯಿಸು ಸಾಕು" ಎಂದು ತೀರ್ಪು ಕೊಟ್ಟೆವು. ಅವಳು ಆ ಹೊತ್ತಿಗೆ ಬದಲಾಯಿಸದ ಎಣ್ಣೆಯೇ ಇರಲಿಲ್ಲ, ಪಾಪ. ತಲೆಯ ಒಡತಿಯನ್ನು ಬಿಟ್ಟು ತಲೆಯಿಂದ ಬಿದ್ದ ಕೂದಲನ್ನು ಪರೀಕ್ಷೆ ಮಾಡಿದ ಜಾಣೆಯರು ನಾವು!

ನಮ್ಮ ಶೆಡ್ಡಿಗೆ ಆಗಾಗ ಆಸ್ಪತ್ರೆಯ ನರ್ಸಮ್ಮ ಬರುತ್ತಾರೆ, ಧೂಳಿಗೆ ಕೆಮ್ಮು ಬಂದಿದೆಯಾ ಎಂದು ನೋಡಲು. ಎದುರು ಸಿಕ್ಕವರ ತೋಳಿಗೆಲ್ಲ ಪಟ್ಟಿ ಸುತ್ತುವುದರಿಂದ ನಾವು ಅವರನ್ನು ಬಿಪಿ ಅಕ್ಕ ಎಂದೇ ಕರೆಯುವುದು. ಆ ಸಲ ಬಂದಾಗ ನಾನು ಜಡೆಯನ್ನು ತಳ್ಳಿಕೊಂಡೇ ಹೋಗಿ ಮುಂದೆ ಕೂರಿಸಿದೆ.

ಬಿಪಿ ಅಕ್ಕ ಕೂದಲನ್ನು ಮುಟ್ಟಲೂ ಇಲ್ಲ. "ಮುಟ್ಟು ತಿಂಗಳು ತಿಂಗಳು ಸರಿಯಾಗಿ ಆಗುತ್ತಾ?" ಎಂದು ಕೇಳಿದರು.

ಜಡೆಗೆ ಅಚ್ಚರಿ. "ಕೂದಲಿಗೂ ಅದಕ್ಕೂ ಏನಕ್ಕಾ ಸಂಬಂಧ? ಮೂರು ತಿಂಗಳಿಗೆ, ನಾಲ್ಕು ತಿಂಗಳಿಗೆ ಒಂದ್ಸಲ ಆಗುತ್ತೆ. ಕೆಲಸಕ್ಕೆ ತೊಂದ್ರೆ ಇಲ್ಲ, ಒಳ್ಳೇದೇ ಆಯ್ತು ಅಂದ್ಕೊಂಡಿದ್ದೆ."

"ಒಳ್ಳೇದಲ್ಲಮ್ಮ ಅದು. ಗಲ್ಲದ ಮೇಲೆ ಕೂದಲು ಬರುತ್ತಾ?"

ಜಡೆ ನನ್ನ ಕಡೆ ನೋಡಿ ನಾಚಿಕೊಂಡಳು. "ಬರುತ್ತೆ. ಶೆಡ್ಡಿನ ಚಿಮುಟದಲ್ಲೇ ಕಿತ್ತು ಹಾಕ್ತೀನಿ. ಬೇಕಾದ ಕಡೆ ಬರಲ್ಲ, ಬೇಡದ ಕಡೆ ಬರುತ್ತೆ. ನನ್ನ ಹಣೆಬರಹ!"

"ಹಣೆಬರಹ ಅಲ್ಲ, ಹಾರ್ಮೋನು ಇರಬಹುದು. ಗಂಡಸರಲ್ಲಿ ಜಾಸ್ತಿ ಇರೋ ಒಂದು ಬಗೆ ಹಾರ್ಮೋನು ಹೆಂಗಸರ ಮೈಯಲ್ಲೂ ಒಂಚೂರು ಇರುತ್ತೆ. ಕೆಲವರಲ್ಲಿ ಅದು ಹೆಚ್ಚಾಗುತ್ತೆ. ಆಗ ಮುಟ್ಟು ಏರುಪೇರಾಗುತ್ತೆ, ಮೊಡವೆ ಬರುತ್ತೆ, ಗಲ್ಲದಲ್ಲಿ ಕೂದಲು ಬರುತ್ತೆ, ನೆತ್ತಿಯಲ್ಲಿ ತೆಳ್ಳಗಾಗುತ್ತೆ. ಇದಕ್ಕೆ ಪಿಸಿಓಎಸ್ ಅಂತಾರೆ, ಪಿಸಿಓಡಿ ಅಂತಲೂ ಕರೀತಾರೆ. ಬಹಳ ಜನ ಹೆಣ್ಣುಮಕ್ಕಳಿಗಿದೆ. ಆದ್ರೆ ನಾನು ಹೇಳಿದ ಮಾತ್ರಕ್ಕೆ ಅದೇ ಅಂತ ಅಲ್ಲ. ಥೈರಾಯ್ಡ್ ಇರಬಹುದು, ರಕ್ತ ಕಡಿಮೆ ಇರಬಹುದು. ಡಾಕ್ಟ್ರು ಪರೀಕ್ಷೆ ಮಾಡಿ ಹೇಳ್ಬೇಕು."

"ಕೂದಲಿಗೋಸ್ಕರ ಡಾಕ್ಟ್ರ ಹತ್ರ ಹೋದ್ರೆ ಜನ ನಗಲ್ವಾ ಅಕ್ಕಾ?"

"ಆಡ್ಕೊಳ್ಳೋರ ಬಾಯಿಗೆ ಬೀಗ ಹಾಕೋಕಾಗುತ್ತಾ? ಇದು ಬರೀ ಕೂದಲಿನ ಮಾತಲ್ಲಮ್ಮ. ಹೀಗೇ ಬಿಟ್ರೆ ಮುಂದೆ ಸಕ್ಕರೆ ಕಾಯಿಲೆ ಬರಬಹುದು, ಗರ್ಭ ನಿಲ್ಲೋದು ಕಷ್ಟ ಆಗಬಹುದು. ನಿಂಗೆ ಗೊತ್ತಿರೋದು ತಲೆ ಬಿಟ್ಟು ಬಂದ ಕೂದಲು. ತಲೆ ಒಳಗಿನ ಬೇರಿಗೆ ಏನಾಗಿದೆ ಅಂತ ನೋಡೋಣ."

ಸಂಜೆ ಬಿಪಿ ಅಕ್ಕ ನಮ್ಮ ಜೊತೆಗೇ ಮನೆಗೆ ಬಂದರು. ಜಡೆ ಬಾಗಿಲಲ್ಲೇ ನಿಂತು ತಲೆಯ ವಸ್ತ್ರ ತೆಗೆದಳು. ಅತ್ತೆ ಮಂಜುಗಣ್ಣು ಕಿರಿದು ಮಾಡಿ ನೋಡಿದರು. ಬಿಪಿ ಅಕ್ಕ ಹಾರ್ಮೋನಿನ ವಿಷಯ, ಆಸ್ಪತ್ರೆಗೆ ಹೋಗಬೇಕಾದದ್ದು ಎಲ್ಲ ಬಿಡಿಸಿ ಹೇಳಿದರು.

"ಇಷ್ಟೇನಾ?" ಎಂದರು ಅತ್ತೆ. "ನಾನು ಏನು ತಪ್ಪು ಮಾಡಿದ್ನೋ ಅಂತ ಕೊರಗಿದ್ದೇ ಬಂತು. ಕೂದಲು ಉದುರಿದ್ದಕ್ಕೆ ಆಸ್ಪತ್ರೆ ಯಾಕೆ? ಎಣ್ಣೆ ಕಾಯಿಸಿ ನಾನೇ ತಿಕ್ತೀನಿ, ಬಾ."

"ಅಮ್ಮ, ಎಣ್ಣೆ ತಿಕ್ಕಿದ್ರೆ ಬಾಚೋಕೆ ಸಲೀಸು, ಮನಸ್ಸಿಗೂ ಹಿತ. ಆದ್ರೆ ಹಾರ್ಮೋನು ಸರಿ ಹೋಗಲ್ಲ" ಎಂದರು ಬಿಪಿ ಅಕ್ಕ.

"ನಿಮ್ಮ ಹಾರ್ಮೋನನ್ನ ಯಾರು ನೋಡಿದ್ದಾರಮ್ಮ? ನಲವತ್ತು ವರ್ಷ ಕೂದಲಲ್ಲೇ ಕೈಯಾಡಿಸಿದ್ದೀನಿ ನಾನು. ಉದುರುತ್ತೆ, ಮತ್ತೆ ಬರುತ್ತೆ."

ಆಗ ಜಡೆ ಒಳಗೆ ಹೋಗಿ ಬಟ್ಟೆಚೀಲ ತಂದಳು. ಅಡಿಯಲ್ಲಿದ್ದ ಹಳೆಯ ಉಂಡೆಯಿಂದ ಒಂದು ಎಳೆ, ಮೇಲಿನ ಹೊಸ ಉಂಡೆಯಿಂದ ಒಂದು ಎಳೆ ಬಿಡಿಸಿ ಅತ್ತೆಯ ಕೈಗೆ ಕೊಟ್ಟಳು. ಅತ್ತೆ ಕಣ್ಣು ಮುಚ್ಚಿ ಮೊದಲನೆಯದನ್ನು ಹೊಸೆದರು. ಎರಡನೆಯದನ್ನು ಹೊಸೆದರು. ಮತ್ತೆ ಮೊದಲನೆಯದು, ಮತ್ತೆ ಎರಡನೆಯದು.

"ಇದು ನಿಂದು," ಎಂದರು. "ಇನ್ನೊಂದು ಯಾವ ಕೂಸಿಂದು? ಜೇಡರ ಬಲೆ ಇದ್ದ ಹಾಗಿದೆ."

"ಎರಡೂ ನಂದೇ ಅತ್ತೆ."

ಅತ್ತೆಯ ಮುಖ ಇಳಿದುಹೋಯಿತು. ಬಿಪಿ ಅಕ್ಕ ಮೆಲ್ಲಗೆ ಹೇಳಿದರು, "ಬರೀ ಉದುರಿದ್ದಲ್ಲಮ್ಮ ಇದು. ಒಳಗೆ ಕೂದಲಿನ ಬೇರೇ ಸಣ್ಣಗಾಗ್ತಾ ಬರ್ತಿದೆ. ಪೂರ್ತಿ ಸೊರಗೋ ಮುಂಚೆ ಹೋದ್ರೆ ಉಳಿಸ್ಕೋಬಹುದು."

ನಾವು ಯಾರು ಏನು ಹೇಳಿದ್ದರೂ ಆ ಮುದುಕಿ ಒಪ್ಪುತ್ತಿರಲಿಲ್ಲ. ತನ್ನ ಬೆರಳು ಹೇಳಿದ್ದನ್ನು ಇಲ್ಲವೆನ್ನುವುದು ಹೇಗೆ? "ನಾಳೆ ಬೆಳಿಗ್ಗೇನೇ ಹೊರಡು. ನಾನೂ ಬರ್ತೀನಿ" ಎಂದರು.

ಆಸ್ಪತ್ರೆಯಲ್ಲಿ ಡಾಕ್ಟರಮ್ಮ ಎಲ್ಲ ಕೇಳಿಕೊಂಡರು. ರಕ್ತ ಪರೀಕ್ಷೆ ಆಯಿತು, ಹೊಟ್ಟೆಯ ಸ್ಕ್ಯಾನಿಂಗ್ ಆಯಿತು. ಪಿಸಿಓಎಸ್ ಎಂದೇ ತಿಳಿಯಿತು, ಜೊತೆಗೆ ರಕ್ತವೂ ಕಡಿಮೆ ಇತ್ತು. ನುಂಗಲು ಮಾತ್ರೆ, ನೆತ್ತಿಗೆ ಹಚ್ಚಲು ಔಷಧಿ ಕೊಟ್ಟರು. ದಿನಾ ಬಿರುಸಾಗಿ ನಡೆಯಬೇಕು, ಸಿಹಿ ಮತ್ತು ಕರಿದದ್ದು ಕಡಿಮೆ ಮಾಡಬೇಕು, ಹೊತ್ತಿಗೆ ಸರಿಯಾಗಿ ಮಲಗಬೇಕು ಎಂದರು. "ಮಗು ಬೇಕು ಅನ್ನೋ ಯೋಚನೆ ಬಂದ್ರೆ ಮೊದಲೇ ಬಂದು ಹೇಳಿ, ಔಷಧಿ ಬದಲಾಯಿಸ್ಬೇಕು" ಎಂದೂ ಎಚ್ಚರಿಸಿದರು.

"ಮೊದಲಿನ ಹಾಗೇ ಬರುತ್ತಾ ಡಾಕ್ಟ್ರೇ?" ಜಡೆ ಕೇಳಿದ್ದು ಅದೊಂದನ್ನೇ.

"ಅಷ್ಟೇ ಬರುತ್ತೆ ಅಂತ ಮಾತು ಕೊಡಲ್ಲಮ್ಮ. ಇರೋದನ್ನ ಉಳಿಸೋಣ, ಒಂದಿಷ್ಟು ಹೊಸದು ಬರಿಸೋಣ. ಆರು ತಿಂಗಳಾದ್ರೂ ಬೇಕು. ಶುರುವಲ್ಲಿ ಇನ್ನೂ ಸ್ವಲ್ಪ ಉದುರಬಹುದು, ಹೆದರಿ ಬಿಟ್ಬಿಡಬೇಡ."

ಉದುರಿತು. ಅದೂ ಎಷ್ಟು! ಮೊದಲ ತಿಂಗಳು ಬಾಚಣಿಗೆ ನೋಡಿ ಜಡೆ ಅತ್ತಳು. ಅತ್ತೆ ಗೊಣಗಿದರು, "ಇದ್ದದ್ದೂ ಹೋಯ್ತಲ್ಲೇ." ಔಷಧಿಯ ಬಾಟಲಿ ಕಸದ ಡಬ್ಬಿಗೆ ಬೀಳುವುದರಲ್ಲಿತ್ತು. ನಾನು ಓಡಿಹೋಗಿ ಬಿಪಿ ಅಕ್ಕನನ್ನು ಕರೆತಂದೆ. "ಹಳೇದು ಜಾಗ ಬಿಟ್ಟು ಹೊಸದಕ್ಕೆ ದಾರಿ ಮಾಡ್ತಿದೆ. ತಾಳಿದವನು ಬಾಳಿಯಾನು ಅಂತ ಶೆಡ್ಡಲ್ಲಿದ್ದಾಗ ನೀವೇ ಹೇಳ್ತಿದ್ರಲ್ಲಮ್ಮ?" ಎಂದು ಅತ್ತೆಯ ಮಾತನ್ನು ಅತ್ತೆಗೇ ತಿರುಗಿಸಿ, ಬಾಟಲಿಯನ್ನು ಮತ್ತೆ ಕಪಾಟಿನಲ್ಲಿ ಇಟ್ಟು ಹೋದರು.

ಆಮೇಲೆ ಕಾಯುವ ಕೆಲಸ. ಸಂಜೆ ಅತ್ತೆ ಸೊಸೆ ಇಬ್ಬರೂ ಬೀದಿಯ ಕೊನೆಯ ತನಕ ನಡೆದು ಬರುತ್ತಿದ್ದರು. ಮುಟ್ಟು ಮೊದಲು ಸರಿಯಾಯಿತು. ಆದರೆ ಜಡೆ ಮೆಟ್ಟಿಲ ಮೇಲೆ ಮಾತ್ರ ಕೂರಲಿಲ್ಲ. "ಸ್ವಲ್ಪ ಬರ್ಲಿ ಅತ್ತೆ, ಆಮೇಲೆ" ಎನ್ನುವಳು. ಅತ್ತೆ ಬಲವಂತ ಮಾಡಲಿಲ್ಲ, ಬಾಚಣಿಗೆಯನ್ನು ಒಳಗೆ ಇಡಲೂ ಇಲ್ಲ. ಕೆಲಸಕ್ಕೆ ಹೊರಡುವಾಗ ಜಡೆ ಆ ಖಾಲಿ ಮೆಟ್ಟಿಲನ್ನು ತಿರುಗಿ ನೋಡುವುದನ್ನು ನಾನು ಎಷ್ಟೋ ಸಲ ಕಂಡಿದ್ದೇನೆ. ಎಷ್ಟು ಆಸೆ ಇತ್ತು ಆ ನೋಟದಲ್ಲಿ!

ಆರೇಳು ತಿಂಗಳಾದ ಮೇಲೆ ಒಂದು ಬೆಳಿಗ್ಗೆ ಅವಳನ್ನು ಕರೆಯಲು ಹೋದೆ. ಅವಳು ಹೊರಗೆ ಬಂದು, ವಸ್ತ್ರ ತೆಗೆದು, ಸುಮ್ಮನೆ ಕೆಳಗಿನ ಮೆಟ್ಟಿಲ ಮೇಲೆ ಕೂತಳು. ಕೈಯಲ್ಲಿ ತಾನು ಕಟ್ಟಿದ ಚೌರಿ ಇತ್ತು. "ಇನ್ನು ಕಾಯೋಕಾಗಲ್ಲ ಅತ್ತೆ. ಇದನ್ನ ಸೇರಿಸಿ ಹೆಣೀರಿ" ಎಂದಳು.

ಅತ್ತೆ ತಲೆಯ ಮೇಲೆ ಕೈಯಿಟ್ಟರು. ಬೆರಳುಗಳು ಬೈತಲೆಯ ಉದ್ದಕ್ಕೂ ಮೆಲ್ಲಗೆ ಸರಿದು, ಒಂದೆಡೆ ನಿಂತವು.

"ಲೇ, ಏನೇ ಇದು? ಚುಚ್ಚುತ್ತೆ!"

ನಾನು ಬಗ್ಗಿ ನೋಡಿದೆ. ಬೈತಲೆಯ ಎರಡೂ ಬದಿಗೆ ಬೆರಳುದ್ದದ ಹೊಸ ಕೂದಲು, ಎಣ್ಣೆಗೂ ಬಗ್ಗದೆ ನೆಟ್ಟಗೆ ನಿಂತಿತ್ತು. ಅತ್ತೆ ಒಂದು ಎಳೆಯನ್ನು ಕೀಳದೆ, ನಿಂತಲ್ಲೇ ಹಿಡಿದು ಹೊಸೆದರು.

"ಇದು ನಿಂದೇ," ಎಂದರು. "ಜೇಡರ ಬಲೆ ಅಲ್ಲ ಇದು."

"ಗೇಣೂ ಇಲ್ವಲ್ಲ ಅತ್ತೆ. ಶೆಡ್ಡಲ್ಲಾದ್ರೆ ಕಸ," ಎಂದು ಜಡೆ ನಕ್ಕಳು. ನಗುತ್ತಲೇ ಅತ್ತಳು.

"ಕಸ ಅಂತೆ! ಶೆಡ್ಡಿನ ಮಾತು ಶೆಡ್ಡಲ್ಲಿಟ್ಟು ಬಾ. ಜಡೆ ನೋಡಿ ನಿನ್ನ ತಂದ್ಕೊಂಡೆ, ನಿಜ. ಆದ್ರೆ ಜಡೆ ಜೊತೆ ಮಾತಾಡ್ತಾ ಕೂತಿದ್ನೇನೇ ಇಷ್ಟು ವರ್ಷ?" ಅತ್ತೆ ಚೌರಿಯನ್ನು ಪಕ್ಕಕ್ಕಿಟ್ಟರು. "ಇರೋದನ್ನೇ ಹೆಣೀತೀನಿ. ನೆಟ್ಟಗೆ ಕೂತ್ಕೋ."

ಆ ಜಡೆ ಹಿಂದಿನದರ ಅರ್ಧದಷ್ಟೂ ದಪ್ಪವಿರಲಿಲ್ಲ. ಹೆಣೆದು ಮುಗಿಸಲು ಮಾತ್ರ ಹಿಂದಿಗಿಂತ ಹೆಚ್ಚು ಹೊತ್ತು ಹಿಡಿಯಿತು. ಅತ್ತೆ ಬಿಚ್ಚಿ ಬಿಚ್ಚಿ ಮತ್ತೆ ಹೆಣೆಯುತ್ತಿದ್ದರು, ಸೊಸೆ ಸಾಕು ಎನ್ನಲಿಲ್ಲ. ಆ ದಿನ ನಾವಿಬ್ಬರೂ ಕೆಲಸಕ್ಕೆ ತಡವಾಗಿ ಹೋದೆವು.

ಇದನ್ನು ಓದುತ್ತಿರುವ, ಕೇಳುತ್ತಿರುವ ಅಕ್ಕ ತಂಗಿಯರೇ, ನಿಮ್ಮ ಬೈತಲೆ ಅಗಲವಾಗುತ್ತಿದೆಯೇ? ಮುಟ್ಟು ತಿಂಗಳುಗಟ್ಟಲೆ ತಪ್ಪುತ್ತಿದೆಯೇ? ಗಲ್ಲದ ಕೂದಲನ್ನು ಯಾರಿಗೂ ಕಾಣದಂತೆ ಕೀಳುತ್ತಿದ್ದೀರೇ? ಬಟ್ಟೆ ಸುತ್ತಿ ಮುಚ್ಚಿಡಬೇಡಿ. ಎಣ್ಣೆಯ ಅಂಗಡಿಗಿಂತ ಮೊದಲು ಆಸ್ಪತ್ರೆಗೆ ಹೋಗಿ. ಪಕ್ಕದ ಮನೆಯವಳಿಗೆ ಕೊಟ್ಟ ಮಾತ್ರೆಯನ್ನು ನೀವು ನುಂಗಬೇಡಿ, ಅದು ಅವಳ ಮೈಗೆ ಕೊಟ್ಟದ್ದು. ಔಷಧಿ ಶುರುಮಾಡಿದ ಮೇಲೆ ಆತುರಪಟ್ಟು ನೀವೇ ನಿಲ್ಲಿಸಬೇಡಿ. ಇದು ಅಂಟುರೋಗವಲ್ಲ, ಶಾಪವಲ್ಲ, ನಿಮ್ಮ ತಪ್ಪಂತೂ ಅಲ್ಲವೇ ಅಲ್ಲ. ಇನ್ನು ಮನೆಯ ಹಿರಿಯರಿಗೆ ಒಂದು ಮಾತು: ನಿಮ್ಮ ಮಗಳೋ ಸೊಸೆಯೋ ಇದ್ದಕ್ಕಿದ್ದಂತೆ ತಲೆ ಮುಟ್ಟಗೊಡದಿದ್ದರೆ ಮುನಿಸಿಕೊಳ್ಳಬೇಡಿ. ಪಕ್ಕದಲ್ಲಿ ಕೂರಿಸಿಕೊಂಡು ಏನಾಯಿತು ಎಂದು ಕೇಳಿ. ಅವಳು ಅದಕ್ಕಾಗಿಯೇ ಕಾಯುತ್ತಿರಬಹುದು.