ಕಂತಿನ ಕಲ್ಲು

ಗನಿಸಾಬನ ಲಾರಿ ಚಿತ್ತಾಪುರದ ಬೇವಿನ ಮರದ ಕೆಳಗೆ ತುಕ್ಕು ಹಿಡಿಯುತ್ತಿತ್ತು. ಯುದ್ಧದ ಕಾಲ. ಪೆಟ್ರೋಲು ಸಿಗದೆ ಲಾರಿಯ ಬೆನ್ನಿಗೆ ಇದ್ದಿಲಿನ ಒಲೆ ಕಟ್ಟಿ, ಅದರ ಗ್ಯಾಸಿನಿಂದ ಓಡಿಸುತ್ತಿದ್ದರು. ಆ ಒಲೆಯಲ್ಲಿ ಈಗ ಪಕ್ಕದ ಮನೆಯ ಕೋಳಿ ಮೊಟ್ಟೆಯಿಡುತ್ತಿತ್ತು. ಮನೆಯ ಒಲೆಯದೂ ಅದೇ ಹಣೆಬರಹ. ಹೆಂಡತಿ ಬಷೀರಾ ಜೋಳದ ನುಚ್ಚಿಗೆ ನೀರು ಸುರಿದು ಸುರಿದು, ಅದು ಅಂಬಲಿಯೋ ನೀರೋ ತಿಳಿಯದಂತಾಗಿತ್ತು.

ಲಾರಿ ಅವನದೇ. ಅಲ್ಲ, ಅವನದಲ್ಲ. ಕಂತು ತೀರುವ ತನಕ ಸಾವ್ಕಾರ ಬಸವಂತರಾಯನದು, ತೀರಿದ ಮೇಲೆ ಗನಿಸಾಬನದು. ಹಾಗಂತ ಕರಾರಿಗೆ ಹೆಬ್ಬೆಟ್ಟು ಒತ್ತಿದ್ದ. ಆಗ ಸಾವ್ಕಾರ ಅರಮನೆಯಂಥ ಹೊಸ ವಾಡೆ ಕಟ್ಟಿಸುತ್ತಿದ್ದ.

"ರೊಕ್ಕ ಯಾಕ್ ಕೊಡ್ತಿ ಗನ್ಯಾ? ಶಹಾಬಾದದಿಂದ ನಮ್ಮ ವಾಡೇಕ ನೆಲಕ್ಕ ಹಾಸೋ ಫರಸಿ ಕಲ್ಲು ತಂದು ಹಾಕು. ಅದೇ ನಿನ್ನ ಕಂತು."

"ರಸೀದಿರೀ ಧಣಿ?"

"ಕಲ್ಲೇ ರಸೀದಿಲೇ! ಕಣ್ಣಿಗಿ ಕಾಣ್ತದ. ಎಲ್ಲಿ ಓಡಿ ಹೋಗ್ತದ?"

ಗನಿಸಾಬನೂ ನಕ್ಕಿದ್ದ. ನಂಬುವವರಿಗೆ ನಗು ಬೇಗ ಬರುತ್ತದೆ. ಎರಡು ವರ್ಷ ತನ್ನ ದುಡ್ಡಿನಲ್ಲೇ ಖಣಿಯಿಂದ ಕಲ್ಲು ಕೊಂಡು ತಂದ. ಕೂಲಿಗೆ ಕಲ್ಲು ಹೊರುವ ಸೂಗಮ್ಮ ಮತ್ತವಳ ಜೊತೆಯ ಹೆಣ್ಣುಮಕ್ಕಳು ಏರಿಸಿದರು, ಇಳಿಸಿದರು. ಸಾವ್ಕಾರನ ಪಡಸಾಲೆಯ ಕಲ್ಲೊಂದು ಸೂಗಮ್ಮನ ಬೆರಳನ್ನೂ ತಿಂದಿತ್ತು.

ವಾಡೆ ಮುಗಿಯಿತು. ಅಷ್ಟರಲ್ಲಿ ಲಾರಿಯ ಬೆಲೆ ಮುಗಿಲಿಗೇರಿತ್ತು. ಒಂದು ಮುಂಜಾನೆ ಸಾವ್ಕಾರನ ಗುಮಾಸ್ತ ಬಂದು ನಿಂತ.

"ಒಂದ ಕಂತೂ ಮುಟ್ಟಿಲ್ಲ. ಲಾರಿ ಬಿಡು."

ಗನಿಸಾಬ ಅದಾಲತ್ತಿಗೆ ಓಡಿದ. ಕಲ್ಲೆಲ್ಲ ತಾನೇ ತರಿಸಿದ್ದೆಂದು ಸಾವ್ಕಾರ ಲಿಂಗ ಮುಟ್ಟಿ ಹೇಳಿದ. ಹೇಳುವಾಗ ಅವನ ರೆಪ್ಪೆಯೂ ಅಲುಗಲಿಲ್ಲ, ಪಾಪಿ! ಮುನ್ಸಿಫರು ಏನೋ ಬರೆಸಿದರು. ಹೊರಗೆ ಬಂದು ವಕೀಲ ಅಮೀರ್ ಅಲಿ ಬೆವರು ಒರೆಸಿಕೊಂಡರು.

"ತಾತ್ಕಾಲಿಕ ತಡೆ ಸಿಕ್ಕದ ಗನಿಸಾಬ. ಸಾವ್ಕಾರ ಲಾರಿ ಮುಟ್ಟಂಗಿಲ್ಲ."

"ಅಲ್ಲಾ ನಿಮಗ ಛಲೋ ಮಾಡ್ಲಿರೀ!"

"ತಡಿ, ಶರತ್ತು ಅದ. ಬರೋ ಅಮಾಸಿ ದಿನ ಅದಾಲತ್ತಿನ ಬಾಗಿಲು ಹಾಕೋದ್ರೊಳಗ ಕಂತೆಲ್ಲ ಇಲ್ಲಿ ಜಮಾ ಮಾಡಬೇಕು. ಇಲ್ಲಂದ್ರ ತಡೆ ರದ್ದು. ಅಲ್ಲಿತನ ಲಾರಿ ನಡಸಂಗಿಲ್ಲ."

"ನಡಸಲಾರ್ದ ರೊಕ್ಕ ಎಲ್ಲಿಂದ ತರಲಿರೀ ಸಾಹೇಬ?"

"ಅದು ಹುಕುಂನಾಗ ಬರ್ದಿಲ್ಲ."

ಕೈಕಾಲು ಕಟ್ಟಿ ಬಾವಿಗೆ ತಳ್ಳಿ, ಈಜಿ ಬಾ ಅಂದರೆ ಇದೇ ಅಲ್ಲವೇ? ಇದಕ್ಕೆ ನ್ಯಾಯ ಅಂತ ಹೆಸರು ಬೇರೆ!

ಅಮಾವಾಸ್ಯೆ ಬಂತು. ಮಧ್ಯಾಹ್ನದ ಹೊತ್ತಿಗೇ ಸಾವ್ಕಾರನ ಆಳುಗಳು ಇದ್ದಿಲಿನ ಚೀಲ ತಂದು ಲಾರಿಯ ಬಳಿ ಕುಳಿತು ಬೀಡಿ ಹಚ್ಚಿದರು. ಲಾರಿ ಒಯ್ಯಲು ಸಂಜೆಯಾಗುವುದನ್ನೇ ಕಾಯುತ್ತಿದ್ದರು. ಗನಿಸಾಬ ಚಕ್ರಕ್ಕೆ ಒರಗಿ ಅತ್ತ. ಗಂಡಸು ಬೀದಿಯಲ್ಲಿ ಅಳಬಾರದು ಅನ್ನುವವರು ಹೊಟ್ಟೆ ತುಂಬಿದವರು.

ಸೂಗಮ್ಮ ಬಂದಳು. ಹಿಂದೆ ಹೆಣ್ಣುಮಕ್ಕಳ ಸಾಲು, ಕೈಯಲ್ಲಿ ಹಾರೆ, ತಲೆಯ ಮೇಲೆ ಸಿಂಬಿ.

"ಯಾಕ್ ಅಳ್ಲಿಕತ್ತೀದಿ ಅಣ್ಣಾ? ಕಂತು ಜಮಾ ಮಾಡಬೇಕಂತ ಹೌದಿಲ್ಲೋ?"

"ಎಲ್ಲಿಂದ ಮಾಡ್ಲಿ ತಂಗಿ?"

"ಅಯ್ಯ, ನೀ ಕೊಟ್ಟ ಕಂತು ಅವನ ಅಂಗಳದಾಗ ಬಿದ್ದದ. ಎಬ್ಬಿಸಿ ತರೋಣು ನಡಿ."

ಅಂಗಳದ ಕಲ್ಲಿಗೆ ಸುಣ್ಣದ ಗಾರೆ ಹಾಕಿರಲಿಲ್ಲ. ಗಾರೆಗೂ ಜಿಪುಣತನ ಮಾಡಿದ್ದ ಸಾವ್ಕಾರ. ಹಾರೆ ತಾಗಿದ್ದೇ ಕಲ್ಲು ಎದ್ದು ಬಂತು. ಆಳುಗಳೆಲ್ಲ ಲಾರಿಯ ಬಳಿ ಕೂತಿದ್ದರು. ಬಸವಂತರಾಯನೇ ಬರಿಮೈಯಲ್ಲಿ ಓಡಿ ಬಂದ.

"ಕಳವು! ಹಗಲು ಕಳವು! ಹಾಕ್ರಿ ಈ ರಂಡೇರ್ನ ಹೊರಗ!"

"ಬಾಯಿ ಹಿಡದು ಮಾತಾಡ್ರಿ ಧಣಿ," ಅಂದಳು ಸೂಗಮ್ಮ, ಒಂದು ಬೆರಳಿಲ್ಲದ ಕೈ ಎತ್ತಿ. "ಕಲ್ಲೇ ರಸೀದಿ ಅಂತ ನೀವೇ ಅಂದಿದ್ರಿ. ನಾ ಇಲ್ಲೇ ಪಾಯದ ಕಲ್ಲು ಇಳಸ್ಲಿಕತ್ತಿದ್ದೆ."

ಲಾರಿ ನಡೆಸುವಂತಿರಲಿಲ್ಲ. ತಲೆಯ ಮೇಲೆ ಹೊತ್ತರು. ಗನಿಸಾಬನೂ ಹೊತ್ತ, ಬಷೀರಾಳೂ ಸೆರಗು ಸುತ್ತಿ ಹೊತ್ತಳು. ಬಜಾರದ ಮಂದಿ ಮೊದಲು ನೋಡಿದರು, ಆಮೇಲೆ ಹೆಗಲು ಕೊಟ್ಟರು. ಸಾವ್ಕಾರನ ಸಾಲದಲ್ಲಿ ಇಲ್ಲದವರು ಆ ಬಜಾರದಲ್ಲಿ ಯಾರಿದ್ದರು?

ಅದಾಲತ್ತಿನ ಹೊಸ್ತಿಲಲ್ಲಿ ಕಲ್ಲು ಇಳಿಯಿತು. ಒಂದರ ಮೇಲೊಂದು, ಎದೆಯೆತ್ತರ. ಸಿರಸ್ತೇದಾರ ಗಾಬರಿಯಾಗಿ ಎದ್ದ.

"ಏನಿದು?"

"ಕಂತುರೀ," ಅಂದ ಗನಿಸಾಬ. "ಜಮಾ ಮಾಡ್ಕೋರಿ."

"ಅದಾಲತ್ನಾಗ ಕಲ್ಲು ಜಮಾ ಮಾಡ್ಕೊಳಂಗಿಲ್ಲ! ರೊಕ್ಕ ತಾ!"

"ಸಾವ್ಕಾರ ಕಲ್ಲೇ ತಗೊಂಡಾನ. ನಾ ಕಲ್ಲೇ ಕೊಟ್ಟೀನಿ."

ಮುನ್ಸಿಫರು ಹೊರಗೆ ಇಣುಕಿ, ಗಡಿಯಾರ ನೋಡಿ, ಹಿಂಬಾಗಿಲಿಂದ ಮನೆಗೆ ನಡೆದರು. ಪೊಲೀಸರಿಗೆ ಹೇಳಿ ಕಳಿಸಿ ಅವರ ದಾರಿ ಕಾಯುತ್ತಿದ್ದ ಸಾವ್ಕಾರ ಬೀದಿಯಲ್ಲಿ ನಿಂತು ಕೂಗಿದ, "ಹೊತ್ತು ಮುಳುಗ್ತು! ಬಾಗಿಲು ಹಾಕ್ರಿ! ತಡೆ ರದ್ದಾಯ್ತು!"

ಜವಾನ ಬಾಗಿಲು ಎಳೆದ. ಅದು ಕಲ್ಲಿಗೆ ಬಡಿದು ನಿಂತಿತು. ಮತ್ತೆ ಎಳೆದ. ಮತ್ತೆ ನಿಂತಿತು. ಬಾಗಿಲಿಗೆ ಅಡ್ಡವಾದ ಅಡಿಯ ಕಲ್ಲು ಎಳೆಯಲು ಬಗ್ಗಿದ, ಮೇಲಿನ ರಾಶಿಯ ಭಾರಕ್ಕೆ ಅದು ಅಲುಗಲಿಲ್ಲ. ನೆರೆದ ಮಂದಿಯಲ್ಲಿ ಒಬ್ಬರೂ ಕೈ ಹಚ್ಚಲಿಲ್ಲ.

ಸೂಗಮ್ಮ ಆ ಕಲ್ಲುಗಳ ಮೇಲೆ ಹತ್ತಿ ಕುಳಿತಳು. ಪಕ್ಕದಲ್ಲಿ ಬಷೀರಾ, ಅವಳ ಪಕ್ಕದಲ್ಲಿ ಉಳಿದವರು.

"ಮೊದ್ಲು ರಸೀದಿ ಕೊಡ್ರಿ," ಅಂದಳು ಸೂಗಮ್ಮ. "ಆಮ್ಯಾಲ ಬಾಗಿಲು ಹಾಕ್ರಿ."