ರಾಚವ್ವ ಕೂತ ಸಿಂಹಾಸನ

ನಾನೊಂದು ನಾಟಕದ ಸಿಂಹಾಸನ. ವಿಕ್ಟೋರಿಯಾ ರಾಣಿ ಇನ್ನೂ ಆಳುತ್ತಿದ್ದ ಕಾಲದಲ್ಲಿ ಗದಗಿನ ಮೌನೇಶಪ್ಪ ಬಡಿಗೇರ ನನ್ನನ್ನು ಬೇವಿನ ಕಟ್ಟಿಗೆಯಲ್ಲಿ ಮಾಡಿದ. ಅಲ್ಲಿಯವರೆಗೆ ಅವನು ಮಾಡಿದ್ದೆಲ್ಲ ಚಕ್ಕಡಿ, ಕುಂಟೆ, ತೊಟ್ಟಿಲು. ಸಿಂಹವನ್ನು ಕಂಡವನೇ ಅಲ್ಲ. ಹಾಗಾಗಿ ನನ್ನ ಕೈಗಳ ಮೇಲಿನ ಎರಡೂ ಸಿಂಹಗಳಿಗೆ ಬೆಕ್ಕಿನ ಮುಖ. ನಾಟಕ ಕಂಪನಿಯ ಮಾಲೀಕ ವೀರಬಸಪ್ಪ ನೋಡಿ ನಕ್ಕರು. ಆದರೂ ಹೊಳೆಯುವ ಬೇಗಡೆ ಹಾಳೆ ಅಂಟಿಸಿ ನನ್ನನ್ನು ಊರೂರು ತಿರುಗಿಸಿದರು.

ಹತ್ತು ವರ್ಷ ನನ್ನ ಮೇಲೆ ಕೂತವರೆಲ್ಲ ಗಂಡಸರು. ರಾಜನೂ ಗಂಡಸು, ರಾಣಿಯೂ ಗಂಡಸು. ರಾಣಿಯಾಗುತ್ತಿದ್ದ ಗೋವಿಂದಾಚಾರ್ಯರನ್ನು ನೋಡಿ ಹೆಂಗಸರು ನೆರಿಗೆ ಹಿಡಿಯುವುದನ್ನು ಕಲಿಯುತ್ತಿದ್ದರು. ಆದರೆ ನಲವತ್ತು ದಾಟುತ್ತಲೇ ಅವರ ದನಿ ಒಡೆಯಿತು. ವೀರಬಸಪ್ಪ ಬೆಟಗೇರಿಯಿಂದ ರಾಚವ್ವ ಎಂಬ ಇಪ್ಪತ್ತರ ಹಾಡುಗಾರ್ತಿಯನ್ನು ಕರೆತಂದು ಪಕ್ಕದ ಪರದೆಯ ಹಿಂದೆ ನಿಲ್ಲಿಸಿದರು. ಹಾಡುವವಳು ಅವಳು, ತುಟಿ ಆಡಿಸುವವರು ಆಚಾರ್ಯರು. ಹಾರ ಬೀಳುತ್ತಿದ್ದುದು ಆಚಾರ್ಯರ ಕೊರಳಿಗೆ.

ಮೂರು ವರ್ಷ ಹೀಗೇ ನಡೆಯಿತು. ಒಂದು ದಿನ ಅವಳು ನನ್ನ ಪಕ್ಕದಲ್ಲೇ ನಿಂತು ಕೇಳಿದಳು. "ಮಾಲಕರ, ರಾಣಿ ಪಾರ್ಟು ನನಗ ಕೊಡ್ರಿ."

"ಹೆಣ್ಮಗಳು ಬಣ್ಣ ಹಚ್ಚಿಕೊಂಡ್ರ ಮರ್ಯಾದಸ್ಥರು ನಾಟಕಕ್ಕ ಬರಂಗಿಲ್ಲ," ಎಂದರು ವೀರಬಸಪ್ಪ.

"ನನ್ನ ದನಿ ಕೇಳಾಕ ಅಡ್ಡ ಬರದ ಮರ್ಯಾದಿ, ಮಾರಿ ನೋಡಾಕ ಅಡ್ಡ ಬರತೈತೇನ್ರಿ?"

ಅವರು ಸಾಮಾನು ಕಟ್ಟಿಸಲು ಹೊರಟುಹೋದರು.

ಮುಂದಿನ ಮೊಕ್ಕಾಮು ಬಾಗಲಕೋಟೆ. ದರ್ಬಾರಿನ ದೃಶ್ಯದಲ್ಲಿ ರಾಣಿಯ ಹಾಡು ಅರ್ಧಕ್ಕೆ ನಿಂತಿತು. ಆಚಾರ್ಯರ ತುಟಿ ಆಡುತ್ತಿತ್ತು, ದನಿ ಇರಲಿಲ್ಲ. ಹಾರ್ಮೋನಿಯಂ ಪೇಟಿಯವನು ಅದೇ ಸಾಲನ್ನು ಮತ್ತೆ ಮತ್ತೆ ನುಡಿಸಿದ. ಜನ ಗುಜುಗುಜು ಎಂದರು. ಆಗ ರಾಚವ್ವ ಪರದೆ ಸರಿಸಿ, ಬಣ್ಣವಿಲ್ಲದ ಮುಖದಲ್ಲಿ, ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ ರಂಗಕ್ಕೆ ಬಂದಳು. ಬಿಟ್ಟಲ್ಲಿಂದ ಹಾಡನ್ನು ಎತ್ತಿಕೊಂಡಳು.

ಒಂದು ಚಪ್ಪಲಿ ಹಾರಿಬಂದು ನನ್ನ ಬೆನ್ನಿಗೆ ಬಡಿಯಿತು. ಅವಳು ಹಾಡು ನಿಲ್ಲಿಸಿ ಅದನ್ನೆತ್ತಿ ರಂಗದ ಅಂಚಿನಲ್ಲಿಟ್ಟಳು. "ಯಾರದೋ ಒಂಟಿ ಕೆರವು ಬಂದೈತಿ. ಹಾಡು ಮುಗಿದ ಮ್ಯಾಲೆ ಒಯ್ಯಿರಿ."

ಸಭೆ ನಕ್ಕಿತು. ಆಚಾರ್ಯರು ಎದ್ದು ನಿಂತರು. ಅವರು ಮನಸ್ಸು ಮಾಡಿದ್ದರೆ ಅವಳನ್ನು ಹೊರಗೆ ಹಾಕಿಸಬಹುದಿತ್ತು. ಅವರು ಕಿರೀಟ ತೆಗೆದು ಅವಳ ಕೈಗಿತ್ತರು.

"ಕುಂಡ್ರವ್ವ," ಎಂದರು. "ಮೂರು ವರ್ಷ ನಿನ್ನ ಹಾಡಿಗೆ ಸುಮ್ನ ಬಾಯಿ ತೆರೆದೆ. ಸಾಕಾತು."

ಅವಳು ಕೂತಳು. ಕಿರೀಟ ಇಟ್ಟುಕೊಂಡು ನನ್ನ ಎರಡೂ ಸಿಂಹಗಳನ್ನು ಗಟ್ಟಿಯಾಗಿ ಹಿಡಿದಳು. ಎಷ್ಟು ಗಟ್ಟಿ ಎಂಬುದು ಸಭೆಗೆ ಕಾಣಲಿಲ್ಲ, ನನಗೆ ಮಾತ್ರ ಗೊತ್ತಾಯಿತು. ದನಿ ಮಾತ್ರ ಕೊನೆಯ ಸಾಲಿನವರೆಗೂ ಅಲುಗಲಿಲ್ಲ.

ಮರುದಿನ ವೀರಬಸಪ್ಪ ಇಬ್ಬರನ್ನೂ ಕಂಪನಿಯಿಂದ ಬಿಡಿಸಿದರು. "ಆಕಿ ಕೂತ ಗಾದಿನೂ ನನಗ ಬ್ಯಾಡ," ಎಂದು ನನ್ನನ್ನು ಹೊರಗೆ ಎಸೆಯಿಸಿದರು. ರಾಚವ್ವ ನನ್ನ ಮಣ್ಣು ಒರೆಸಿ ಬಾಡಿಗೆ ಚಕ್ಕಡಿಗೆ ಹಾಕಿದಳು. ನನಗೆ ಅವಮಾನವಾಗಲಿಲ್ಲ.

ಅವಳು ಸ್ವಂತ ಕಂಪನಿ ಕಟ್ಟಿದಳು. ಆಚಾರ್ಯರು ನಡಿಗೆ, ಮಾತು ಕಲಿಸಿದರು. ಒಂದು ಊರಿನ ಹಿರಿಯರು ಬಯಲು ಕೊಡದಿದ್ದಾಗ ಹತ್ತಿ ತುಂಬಿಡುವ ವಖಾರಿಯ ಅಂಗಳದಲ್ಲಿ ಆಡಿದಳು. ಅದೇ ಹಿರಿಯರ ಮನೆಯ ಹೆಂಗಸರು ಮೂರನೆಯ ಆಟಕ್ಕೆ ಚಾಪೆ ಹಿಡಿದುಕೊಂಡು ಬಂದರು. ಆಚಾರ್ಯರು ತೀರಿಕೊಂಡಾಗ ಎರಡು ದಿನ ಆಟ ನಿಲ್ಲಿಸಿದಳು, ಮೂರನೆಯ ದಿನ ಮತ್ತೆ ಬಣ್ಣ ಹಚ್ಚಿದಳು.

ಅರವತ್ತು ವಯಸ್ಸಿನ ಹೊತ್ತಿಗೆ ಅವಳ ಮೊಣಕಾಲು ಸೋತವು. ಅವಳ ಕಂಪನಿಯವರೇ ಬಂದು, "ಅವ್ವಾರ, ಇನ್ನ ತಾಯಿ ಪಾರ್ಟು ಮಾಡ್ರಿ," ಎಂದರು.

"ಮುದುಕಿ ಪಾರ್ಟು ಮನ್ಯಾಗ ದಿನಾ ಮಾಡ್ತೇನಿ," ಎಂದಳು. "ಇಲ್ಲಿ ನಾನು ರಾಣಿ."

ಆ ವರ್ಷವಿಡೀ ಕೂತಲ್ಲಿಂದಲೇ ಆಡಿದಳು. ಸೈನ್ಯ, ಮಂತ್ರಿ, ಶತ್ರು ಎಲ್ಲರೂ ಅವಳ ಬಳಿಗೇ ಬರುವಂತೆ ಆಟವನ್ನು ತಿದ್ದಿದ್ದಳು. ಪ್ರೇಕ್ಷಕರಲ್ಲಿ ಒಬ್ಬರೂ ಎದ್ದುಹೋಗಲಿಲ್ಲ.

ಅವಳು ಹೋಗಿ ಬಹಳ ವರ್ಷವಾಯಿತು. ಈಗ ಹುಬ್ಬಳ್ಳಿಯಲ್ಲಿ ಅವಳ ತಂಗಿಯ ಮೊಮ್ಮಗಳ ಮನೆಯ ಮೂಲೆಯಲ್ಲಿದ್ದೇನೆ. ಒಂದು ಕಾಲಿಗೆ ಇಟ್ಟಿಗೆ ಕೊಟ್ಟಿದ್ದಾರೆ. ನನ್ನ ಮೇಲೆ ಕೂತ ರಾಜರಿಗೆಲ್ಲ ಮಾತು ಬರೆದುಕೊಡುವವರಿದ್ದರು. ಅವರ ಮಾತೊಂದೂ ನನಗೆ ನೆನಪಿಲ್ಲ. ರಾಚವ್ವನಿಗೆ ಬೇಕಾದ ಮಾತನ್ನು ಯಾರೂ ಬರೆದುಕೊಡಲಿಲ್ಲ. ಅವಳೇ ಆಡಬೇಕಾಯಿತು, ಆಡಿದಳು. ಅದೊಂದೂ ಮರೆತಿಲ್ಲ.